ಐಗಳಕುರ್ವೆ ನಡುಗಡ್ಡೆಗೆ ದಾಟಿಸಿದ ದೋಣಿಯಣ್ಣನಿಗೆ

ಅಣ್ಣಾ, ಹೆಸರು ಕೇಳುವುದೇ ಬಿಟ್ಟುಹೋಯಿತು, ಅದಕ್ಕೇ ಇಲ್ಲಿ ಬರೆಯುತ್ತಿದ್ದೇನೆ.

ಅಘನಾಶಿನಿ ನದಿಯಲ್ಲಿ ಬಳಚು (ತಿನ್ನುವ ಚಿಪ್ಪುಜೀವಿ) ಹೆಕ್ಕುವವರನ್ನು ನಮ್ಮ ಸಾಕ್ಷ್ಯಚಿತ್ರಕ್ಕೆ ಸೆರೆಹಿಡಿಯಬೇಕಿತ್ತು. ಕಡಲ ನೀರು ಇಳಿಯುವ ಹೊತ್ತು, ಅಂದರೆ ಇಳಿತ, ದಿನದಿಂದ ದಿನಕ್ಕೆ ಸುಮಾರು 50 ನಿಮಿಷ ತಡವಾಗುತ್ತದೆ. ನಾವು ಎರಡು ದಿನ ಹಿಂದಿನ ವೇಳೆ ಹಿಡಿದು ಬಂದಿದ್ದೆವು. ಬಳಚು ಹೆಕ್ಕುವ ದಿಬ್ಬ ಇನ್ನೂ ನೀರಡಿಯಲ್ಲಿತ್ತು. ಅಷ್ಟರಲ್ಲಿ ಗಾಳಿಗೆ ಉಪ್ಪುನೀರು ಸಿಡಿದು ಲೆನ್ಸ್ ಮಂಜಾಯಿತು, ಮೈಕ್ ಗುಂಯ್‌ಗುಡತೊಡಗಿತು.

ಒಣಬಟ್ಟೆ ಎತ್ತಿದ ಕೈಯನ್ನು ನೀವು ತಡೆದಿರಿ. "ಹಾಗೇ ಉಜ್ಜಬೇಡಿ ತಂಗಿ, ಉಪ್ಪಿನ ಕಣ ಗೀರ್ತದೆ." ನಿಮ್ಮ ಕುಡಿಯುವ ನೀರಿನಲ್ಲೇ ಬಟ್ಟೆಯ ತುದಿ ನೆನೆಸಿ ಹಿಂಡಿ ಕೊಟ್ಟಿರಿ. ಮೊದಲು ಒದ್ದೆ ತುದಿಯಿಂದ ಮೆಲ್ಲಗೆ ಒತ್ತಿ ಉಪ್ಪು ಕರಗಿಸಿ, ಆಮೇಲೆ ಒಣಬಟ್ಟೆ. ಮೈಕಿನ ಬ್ಯಾಟರಿ ತೆಗೆದು, ವೈರಿನ ಪಿನ್ನುಗಳನ್ನೂ ಹಾಗೇ ಒರೆಸಿ, ನೆರಳಲ್ಲಿ ಆರಿಸಿದೆವು. ಪಿನ್ನುಗಳ ನಡುವೆ ಉಪ್ಪುನೀರು ನಿಂತರೆ ಕರೆಂಟು ಸೋರುತ್ತದೆ, ಗುಂಯ್ ಅದರದೇ. ನಿಂತೇಹೋಯಿತು! ಎದೆ ಹಗುರಾಯಿತು.

ದಿಬ್ಬ ತಲೆಯೆತ್ತುವವರೆಗೆ ಕಾದಿರಿ. ಹತ್ತಿರವಾಗುತ್ತಲೇ, ನಾವು ಕೇಳುವ ಮೊದಲೇ, ಇಂಜಿನ್ ಆರಿಸಿ ಗಳ ಹಾಕಿ ದೋಣಿ ನೂಕಿದಿರಿ. ಇಂಜಿನ್ ನಡುಕವಿದ್ದರೆ ಆ ದನಿ ಸಿಗುತ್ತಲೇ ಇರಲಿಲ್ಲ: ಸೊಂಟದ ನೀರಲ್ಲಿ ನಿಂತ ಹೆಂಗಸರ ಬುಟ್ಟಿಗೆ ಬಳಚು ಬೀಳುವ ಟಕ್ ಟಕ್. ಚಿತ್ರ ಅದರಿಂದಲೇ ಶುರುವಾಗುತ್ತದೆ.

ನಿಮ್ಮ ನೀರಿನ ಬಾಟಲಿ ನಮ್ಮ ಚೀಲದಲ್ಲೇ ಉಳಿದಿದೆ, ಅಣ್ಣಾ. ಮುಂದಿನ ಅಮಾವಾಸ್ಯೆಯ ಇಳಿತಕ್ಕೆ ತರುತ್ತೇವೆ.