ಕೊರಿಂಥದ ಹುಡುಗಿ ಮನೆಗೆ ಹೋದ ಮೇಲೆ

ಪ್ರೀತಿಯ ತಂಗಿ,

ನಿನ್ನ ಹಸ್ತಪ್ರತಿಯನ್ನು ಎರಡು ಸಲ ಓದಿದೆ. ಮೊದಲನೇ ಸಲ ಒಂದೇ ರಾತ್ರಿಗೆ ಮುಗಿಸಿದೆ. ಎರಡನೇ ಸಲ ಕೈಯಲ್ಲಿ ಪೆನ್ಸಿಲ್ ಹಿಡಿದು ಒಂದು ವಾರ ತಗೊಂಡೆ. ಹಳೆಯ ಗ್ರೀಸಿನ ಕೊರಿಂಥ ಊರಿನ ಆ ಕುಂಬಾರನ ಮಗಳು ಈಗ ನಮ್ಮ ಮನೆಯಲ್ಲೇ ಓಡಾಡಿಕೊಂಡಿದ್ದಾಳೆ ಅನ್ನಿಸುತ್ತದೆ. ಆವಿಗೆಯ ಬೂದಿ ಅವಳ ಕೂದಲಲ್ಲಿ ಕೂರುವ ಸಾಲು ತುಂಬಾ ಚೆನ್ನಾಗಿದೆ. ಅದನ್ನು ಮುಟ್ಟಬೇಡ.

ಆದರೆ ಒಂದು ಮಾತು ನೇರವಾಗಿ ಹೇಳಿಬಿಡುತ್ತೇನೆ. ಅವಳು ಕ್ರಿಸ್ತನ ಸುದ್ದಿ ಸಾರಲು ಬಂದ ಪೌಲನ ಮಾತು ಕೇಳುತ್ತಾಳೆ, ಅಳುತ್ತಾಳೆ, ದೀಕ್ಷಾಸ್ನಾನದ ನೀರಿಗೆ ಇಳಿಯುತ್ತಾಳೆ, ಹೊಸಬಳಾಗಿ ಮೇಲೇಳುತ್ತಾಳೆ. ಅಲ್ಲಿಗೆ ನೀನು ಪೆನ್ನು ಕೆಳಗಿಟ್ಟಿದ್ದೀಯ. ಒದ್ದೆ ಬಟ್ಟೆಯಲ್ಲಿ ಅವಳು ಮನೆಗೆ ಹೋಗಬೇಕಲ್ಲ? ಬಾಗಿಲು ತೆಗೆದವರು ಯಾರು? ಅವರು ಏನು ಕೇಳಿದರು? ನನ್ನ ಪ್ರಕಾರ ನಿನ್ನ ಕಾದಂಬರಿ ಶುರುವಾಗಬೇಕಾದ್ದು ಅಲ್ಲಿಂದ.

ಇದೇ ಜಾಗದಲ್ಲಿ ನಾನೂ ಒಮ್ಮೆ ಎಡವಿದ್ದೇನೆ. ಬರೆಯಲು ಶುರುಮಾಡಿದ ಹೊಸತು. ಕ್ರಿಸ್ತನ ಶಿಷ್ಯರನ್ನು ಹಿಡಿಯಲು ಹೊರಟಿದ್ದ ಪೌಲನಿಗೆ ದಮಸ್ಕದ ದಾರಿಯಲ್ಲಿ ಕ್ರಿಸ್ತನ ಧ್ವನಿ ಕೇಳಿಸಿತಲ್ಲ, ಅದನ್ನು ಕತೆ ಮಾಡಿದ್ದೆ. ಮಿಂಚು ಹೊಳೆಯಿತು, ಕುದುರೆಯಿಂದ ಬಿದ್ದ, ಎದ್ದಾಗ ಹೆಸರೂ ಬೇರೆ, ಮನುಷ್ಯನೂ ಬೇರೆ. ಕತೆ ಅಚ್ಚಾಯಿತು. ಕೆಲವು ದಿನಕ್ಕೆ ಒಬ್ಬ ನಿವೃತ್ತ ಮೇಷ್ಟ್ರು ಕಾರ್ಡು ಬರೆದರು. 'ಅಮ್ಮಾ, ಕುದುರೆ ಎಲ್ಲಿಂದ ಬಂತು? ದಯವಿಟ್ಟು ಮೂಲ ಓದಿ' ಅಂತ ಎರಡೇ ಸಾಲು. ಬೈಬಲ್ ತೆಗೆದು ನೋಡಿದೆ. ಈ ಪ್ರಸಂಗ ಬರುವ ಅಪೊಸ್ತಲರ ಕೃತ್ಯಗಳು ಅನ್ನುವ ಪುಸ್ತಕದಲ್ಲಿ ಕುದುರೆ ಇಲ್ಲವೇ ಇಲ್ಲ! ಅದು ಚಿತ್ರಕಾರರು ತಂದು ನಿಲ್ಲಿಸಿದ ಕುದುರೆ. 1600-01ರಲ್ಲಿ ಕಾರವಾಜಿಯೊ ಬರೆದ ಚಿತ್ರ ನನ್ನ ಕಣ್ಣಲ್ಲಿ ಕೂತಿತ್ತು. ಅದನ್ನೇ ನಾನು ಓದಿದ್ದು ಅಂದುಕೊಂಡಿದ್ದೆ. ಹೆಸರು ಬದಲಾದದ್ದೂ ಅಲ್ಲಿ ಇಲ್ಲ. ಎಷ್ಟೋ ಆದ ಮೇಲೆ, ಸೈಪ್ರಸ್‌ನಲ್ಲಿದ್ದಾಗ, ಸೌಲನಿಗೆ ಪೌಲ ಎಂಬ ಹೆಸರೂ ಇತ್ತು ಅಂತ ಸುಮ್ನೆ ಒಂದು ಮಾತು ಬರುತ್ತದೆ, ಅಷ್ಟೇ.

ಆ ಕಾರ್ಡು ಬಂದ ಮೇಲೆ ನಾನು ಓದುವ ರೀತಿಯೇ ಬದಲಾಯಿತು. ದಮಸ್ಕದ ಪ್ರಸಂಗ ಆ ಪುಸ್ತಕದಲ್ಲಿ ಮೂರು ಸಲ ಬರುತ್ತದೆ. 9ನೇ ಅಧ್ಯಾಯದಲ್ಲಿ ಜೊತೆಗಿದ್ದವರಿಗೆ ಧ್ವನಿ ಕೇಳಿಸಿತು, ಯಾರೂ ಕಾಣಲಿಲ್ಲ. 22ರಲ್ಲಿ ಅವರಿಗೆ ಬೆಳಕು ಕಂಡಿತು, ಧ್ವನಿ ಕೇಳಿಸಲಿಲ್ಲ. 26ರಲ್ಲಿ ಎಲ್ಲರೂ ನೆಲಕ್ಕೆ ಬಿದ್ದರು. ಇನ್ನು ಪೌಲ ತಾನೇ ಕೈಯಾರೆ ಗಲಾತ್ಯದವರಿಗೆ ಬರೆದ ಪತ್ರ ನೋಡು. ಅಲ್ಲಿ ದಾರಿಯಿಲ್ಲ, ಮಿಂಚಿಲ್ಲ, ಕಣ್ಣು ಕತ್ತಲೆಯಾದದ್ದಿಲ್ಲ. ತಾಯಿಯ ಹೊಟ್ಟೆಯಲ್ಲಿದ್ದಾಗಲೇ ದೇವರು ತನ್ನನ್ನು ಆರಿಸಿಕೊಂಡ, ಆಮೇಲೆ ಕರೆದ ಅನ್ನುತ್ತಾನೆ. ಯೆರೆಮೀಯನಂಥ ಹಳೆಯ ಪ್ರವಾದಿಗಳು ಮಾತಾಡುತ್ತಿದ್ದ ರೀತಿ ಅದು. ಒಂದು ಧರ್ಮ ಬಿಟ್ಟು ಇನ್ನೊಂದಕ್ಕೆ ಹೋದೆ ಅಂತ ಅವನು ಹೇಳುವುದೇ ಇಲ್ಲ. ಆಮೇಲೆ ಲೆಕ್ಕ ಕೊಡುತ್ತಾನೆ. ಅರೇಬಿಯಕ್ಕೆ ಹೋದೆ, ದಮಸ್ಕಕ್ಕೆ ವಾಪಸ್ ಬಂದೆ. ಮೂರು ವರ್ಷ ಕಳೆದು ಯೆರೂಸಲೇಮಿಗೆ ಹೋಗಿ ಯೇಸುವಿನ ಶಿಷ್ಯ ಪೇತ್ರನ ಜೊತೆ 15 ದಿನ ಇದ್ದೆ. ಮತ್ತೆ ಹೋದದ್ದು 14 ವರ್ಷ ಆದ ಮೇಲೆ. ಮಿಂಚನ್ನು ಹೇಳಿದವರು ಬೇರೆಯವರು. ಆ ಅನುಭವ ಆದ ಮನುಷ್ಯ ವರ್ಷಗಳನ್ನು ಎಣಿಸುತ್ತಿದ್ದಾನೆ. ನಿನ್ನ ಹುಡುಗಿಗೂ ವರ್ಷಗಳನ್ನು ಕೊಡು.

ಇನ್ನೊಂದು ವಿಷಯ. ನಿನ್ನ ಪಾತ್ರಗಳ ಬಾಯಲ್ಲಿ 'ಮತಾಂತರ' ಅನ್ನುವ ಪದ ಹನ್ನೊಂದು ಕಡೆ ಬಂದಿದೆ. ಎಲ್ಲಾ ಕಡೆ ಹೊಡೆದುಹಾಕು. ನಮ್ಮ ಕಾಲದ ಜಗಳಗಳ ಕಾವು ಆ ಪದಕ್ಕೆ ಅಂಟಿಕೊಂಡಿದೆ. ಓದುಗ ಅದನ್ನು ಕಂಡ ತಕ್ಷಣ ಒಂದು ಪಕ್ಷ ಹಿಡಿದು ಕೂರುತ್ತಾನೆ, ನಿನ್ನ ಹುಡುಗಿ ಅವನಿಗೆ ಕಾಣುವುದೇ ಇಲ್ಲ. ಆ ಕಾಲದವರ ಪದಗಳೇ ಬೇರೆ. ಹೀಬ್ರೂವಿನ 'ಗೇರ್' ಅಂದರೆ ಮೊದಲು ಬೇರೆ ಊರಿಂದ ಬಂದು ನಮ್ಮ ನಡುವೆ ನೆಲೆಸಿದವನು ಅಂತಷ್ಟೇ ಅರ್ಥ. ಯೆಹೂದ್ಯರ ದಾರಿಗೆ ಸೇರಿದವನು ಅನ್ನುವ ಅರ್ಥ ಆಮೇಲೆ ಬಂತು. ಗ್ರೀಕರ 'ಪ್ರೊಸೆಲುಟೊಸ್' ಅಂದರೆ ಹತ್ತಿರಕ್ಕೆ ಬಂದವನು. ಪೌಲ ಥೆಸಲೋನಿಕದವರಿಗೆ ಬರೆಯುವಾಗ, ನೀವು ವಿಗ್ರಹಗಳನ್ನು ಬಿಟ್ಟು ದೇವರ ಕಡೆಗೆ ತಿರುಗಿಕೊಂಡಿರಿ ಅನ್ನುತ್ತಾನೆ. ಬಂದರು, ನೆಲೆಸಿದರು, ತಿರುಗಿಕೊಂಡರು. ಎಲ್ಲಾ ಕಾಲಿನ ಕೆಲಸ. ಕನ್ನಡದಲ್ಲಿ ಇಂಥ ಮಾತಿಗೆ ಬರವಿಲ್ಲ ಅಲ್ವಾ?

ಈಗ ನಿನಗೆ ಒಂದು ಮನೆಯ ಕತೆ ಹೇಳಲೇಬೇಕು. ಮೊದಲನೇ ಶತಮಾನದ್ದು. ಈಗಿನ ಉತ್ತರ ಇರಾಕಿನಲ್ಲಿ, ಎರ್ಬಿಲ್ ಸುತ್ತಮುತ್ತ, ಅಡಿಯಾಬೀನ್ ಅಂತ ಒಂದು ಸಣ್ಣ ರಾಜ್ಯ ಇತ್ತು. ರಾಣಿ ಹೆಲೆನಾ, ಮಗ ಇಜಾಟೀಸ್. ಯೆಹೂದ್ಯ ಚರಿತ್ರೆಕಾರ ಜೋಸೆಫಸ್ ರೋಮಿನಲ್ಲಿ ಕೂತು ಗ್ರೀಕಿನಲ್ಲಿ ಇವರ ವಿಷಯ ಬರೆದಿಟ್ಟಿದ್ದಾನೆ. ನಾನು ಇದನ್ನು ಎಷ್ಟು ಸಲ ಓದಿದ್ದೇನೋ ಲೆಕ್ಕವಿಲ್ಲ.

ಮಗ ಪರಸ್ಥಳದಲ್ಲಿ, ಇನ್ನೊಬ್ಬ ರಾಜನ ಆಸರೆಯಲ್ಲಿದ್ದ. ಅಲ್ಲಿಗೆ ಅನನೀಯ ಅನ್ನುವ ಯೆಹೂದ್ಯ ವ್ಯಾಪಾರಿ ಬರುತ್ತಿದ್ದ. ಅವನು ಮೊದಲು ಕಲಿಸಿದ್ದು ರಾಜನ ಹೆಂಡತಿಯರಿಗೆ. ಅವರ ಮೂಲಕ ಇಜಾಟೀಸನಿಗೆ ಪರಿಚಯವಾದ. ಇತ್ತ ತಾಯಿ ಹೆಲೆನಾ ಊರಿನಲ್ಲಿ ಇನ್ನೊಬ್ಬ ಯೆಹೂದ್ಯನಿಂದ ಅದೇ ಪಾಠ ಕಲಿಯುತ್ತಿದ್ದಳು. ಗಮನಿಸಿದೆಯಾ? ಮಾತು ಹೊಕ್ಕಿದ್ದು ಹೆಂಗಸರ ಕೋಣೆಗಳಿಂದ.

ಇಜಾಟೀಸ್ ರಾಜನಾದ. ಪೂರ್ತಿ ಯೆಹೂದ್ಯನಾಗಬೇಕಾದರೆ ಸುನ್ನತಿ ಆಗಬೇಕು ಅನ್ನಿಸಿತು. ತಾಯಿ ಬೇಡ ಅಂದಳು. ಪರದೇಶದ ಆಚಾರ ಹಿಡಿದ ರಾಜನನ್ನು ಪ್ರಜೆಗಳು ಸಹಿಸುವುದಿಲ್ಲ ಅನ್ನುವುದು ಅವಳ ಭಯ. ಗುರುವೇ ಆದ ಅನನೀಯನೂ ಬೇಡ ಅಂದ. ಸುನ್ನತಿ ಇಲ್ಲದೆಯೂ ದೇವರನ್ನು ಪೂಜಿಸಬಹುದು, ನಿನ್ನ ಕಷ್ಟ ನೋಡಿ ದೇವರು ಕ್ಷಮಿಸುತ್ತಾನೆ ಅಂದ. ತನ್ನ ತಲೆಯ ಚಿಂತೆಯೂ ಅವನಿಗಿತ್ತು. ರಾಜ ಸುಮ್ಮನಾದ. ಆಸೆ ಮಾತ್ರ ಹೋಗಲಿಲ್ಲ.

ಆಮೇಲೆ ಗಲಿಲಾಯದಿಂದ ಎಲಿಯಾಜರ ಅನ್ನುವ ಇನ್ನೊಬ್ಬ ಬಂದ. ಬಹಳ ಕಟ್ಟುನಿಟ್ಟಿನವನು. ಒಳಗೆ ಕಾಲಿಟ್ಟಾಗ ರಾಜ ಮೋಶೆಯ ಧರ್ಮಶಾಸ್ತ್ರ ಓದುತ್ತಾ ಕೂತಿದ್ದ. ಓದಿದರೆ ಸಾಲದು, ಅದರಲ್ಲಿ ಹೇಳಿದ್ದನ್ನು ಮಾಡಬೇಕು, ಇನ್ನೂ ಎಷ್ಟು ದಿನ ಹೀಗೇ ಇರುತ್ತೀಯ ಅಂತ ಎಲಿಯಾಜರ ಕೇಳಿದ. ಇಜಾಟೀಸ್ ಪಕ್ಕದ ಕೋಣೆಗೆ ಹೋದ. ವೈದ್ಯನನ್ನು ಕರೆಸಿದ. ಮುಗಿಸಿಕೊಂಡ. ಆಮೇಲೆ ತಾಯಿಯನ್ನೂ ಗುರುವನ್ನೂ ಕರೆದು ಹೇಳಿದ. ಇಬ್ಬರೂ ನಡುಗಿಹೋದರು.

ತಂಗಿ, ಈ ಪ್ರಸಂಗದಲ್ಲಿ ಒಂದು ಪವಾಡವೂ ಇಲ್ಲ. ಒಂದು ಪುಸ್ತಕ, ಒಂದು ಪ್ರಶ್ನೆ, ಪಕ್ಕದ ಒಂದು ಕೋಣೆ. ಇಬ್ಬರು ಗುರುಗಳು, ಇಬ್ಬರಿಗೂ ದೇವರ ಮೇಲೆ ಭಕ್ತಿ, ಇಬ್ಬರ ಉತ್ತರ ಬೇರೆ ಬೇರೆ. ನಿನ್ನ ಬರಹದಲ್ಲಿ ಒಬ್ಬನೇ ಗುರು ಇದ್ದಾನೆ, ಅವನು ಹೇಳಿದ್ದೆಲ್ಲ ಸರಿ. ಅಲ್ಲಿ ಒಬ್ಬ ಅನನೀಯನನ್ನು ತಂದು ಕೂರಿಸು. 'ಇಷ್ಟು ಸಾಕು ಮಗಳೇ, ಅಪ್ಪನನ್ನು ಎದುರುಹಾಕಿಕೊಳ್ಳಬೇಡ' ಅನ್ನುವವನು. ಅವನನ್ನು ಹೇಡಿ ಮಾಡಬೇಡ. ಅವನ ಮಾತಿನಲ್ಲೂ ಪ್ರೀತಿ ಇರಲಿ.

ಹೆಲೆನಾಳ ಕತೆ ಅಲ್ಲಿಗೆ ನಿಲ್ಲುವುದಿಲ್ಲ. ಕ್ರಿ.ಶ. 46-48ರ ಸುಮಾರಿಗೆ ಅವಳು ಯೆರೂಸಲೇಮಿಗೆ ಬಂದಳು. ಆಗ ಅಲ್ಲಿ ಬರ. ಜನ ಹಸಿವಿನಿಂದ ಸಾಯುತ್ತಿದ್ದರು. ತನ್ನ ಆಳುಗಳನ್ನು ಕಳಿಸಿ ಅಲೆಕ್ಸಾಂಡ್ರಿಯದಿಂದ ಧಾನ್ಯ, ಸೈಪ್ರಸ್‌ನಿಂದ ಒಣ ಅಂಜೂರ ತರಿಸಿ ಹಂಚಿದಳು. ಮಗ ಹಣ ಕಳಿಸಿದ. ಅಪೊಸ್ತಲರ ಕೃತ್ಯಗಳ 11ನೇ ಅಧ್ಯಾಯದಲ್ಲೂ ಚಕ್ರವರ್ತಿ ಕ್ಲೌದ್ಯನ ಕಾಲದ ಬರದ ಮಾತಿದೆ. ಸಿರಿಯದ ಅಂತಿಯೋಕ್ಯದ ಹೊಸ ಶಿಷ್ಯರು ಕೈಲಾದಷ್ಟು ಕೂಡಿಸಿ ಬಾರ್ನಬ ಮತ್ತು ಸೌಲನ ಕೈಯಲ್ಲಿ ಕಳಿಸಿಕೊಟ್ಟರು. ಕ್ರೈಸ್ತರು ಅನ್ನುವ ಹೆಸರು ಮೊದಲು ಹುಟ್ಟಿದ್ದೂ ಅದೇ ಊರಿನಲ್ಲಿ ಅಂತ ಅದೇ ಅಧ್ಯಾಯ ಹೇಳುತ್ತದೆ. ಒಂದು ಕಡೆಯಿಂದ ಯೆಹೂದ್ಯಳಾದ ರಾಣಿ, ಇನ್ನೊಂದು ಕಡೆಯಿಂದ ಕ್ರಿಸ್ತನನ್ನು ಹಿಂಬಾಲಿಸಿದ ಪೇಟೆಯ ಜನ. ಬರದ ಹೊತ್ತಿನಲ್ಲಿ ಇಬ್ಬರೂ ಅನ್ನ ಕಳಿಸಿದ್ದು ಒಂದೇ ಊರಿಗೆ. ಇದನ್ನು ಓದಿದಾಗ ನನಗೆ ಕಣ್ಣು ತುಂಬಿ ಬಂದಿತ್ತು. ಈಗಲೂ ಬರುತ್ತದೆ.

ತಾಯಿ ಮಗ ಸತ್ತ ಮೇಲೆ ಅವರ ಮೂಳೆಗಳನ್ನು ಯೆರೂಸಲೇಮಿಗೆ ತಂದು ಹೂಳಿದರು. 1863ರಲ್ಲಿ ಒಬ್ಬ ಫ್ರೆಂಚ್ ಶೋಧಕ ಆ ಸಮಾಧಿ ಅಗೆದಾಗ ಇದು ಯೆಹೂದದ ಹಳೆಯ ರಾಜರದ್ದು ಅಂದುಕೊಂಡ. 'ರಾಜರ ಸಮಾಧಿ' ಅನ್ನುವ ಹೆಸರು ಇವತ್ತಿಗೂ ಹೋಗಿಲ್ಲ. ದೂರದಿಂದ ನಡೆದು ಬಂದ ಹೆಂಗಸು ಕೊನೆಗೆ ಆ ನೆಲದ ರಾಜರ ಹೆಸರಿನಲ್ಲೇ ಮಲಗಿದ್ದಾಳೆ. ಕ್ರಿ.ಶ. 70ರಲ್ಲಿ ಯೆರೂಸಲೇಮ್ ಬಿದ್ದಾಗ ಇಜಾಟೀಸನ ಮಕ್ಕಳು, ಸಹೋದರರು ಊರೊಳಗೇ ಇದ್ದರು. ಅವರನ್ನು ಒತ್ತೆಯಾಳಾಗಿ ರೋಮಿಗೆ ಒಯ್ದರು. ಒಬ್ಬ ರಾಜ ಪಕ್ಕದ ಕೋಣೆಗೆ ಹೋದದ್ದರ ಬೆಲೆಯನ್ನು ಮುಂದಿನ ತಲೆಮಾರೂ ತೆತ್ತಿತು.

ಬೆಲೆಯ ಮಾತು ಬಂತು. ಯೆಹೂದ್ಯರ ಧರ್ಮಗುರುಗಳಾದ ರಬ್ಬಿಗಳು ಸೇರಲು ಬಂದವನಿಗೆ ಇದನ್ನು ಮೊದಲೇ ಹೇಳುತ್ತಿದ್ದರು. ಅವರ ಧರ್ಮಚರ್ಚೆಗಳ ಗ್ರಂಥವಾದ ತಾಲ್ಮುದಿನಲ್ಲಿದೆ. ನೀನು ಯಾಕೆ ಬಂದೆ, ಇಸ್ರಾಯೇಲ್ಯರು ಈಗ ಎಷ್ಟು ನೊಂದಿದ್ದಾರೆ, ಎಷ್ಟು ತುಳಿತಕ್ಕೆ ಸಿಕ್ಕಿದ್ದಾರೆ ಗೊತ್ತಿಲ್ಲವಾ ಅಂತ ಕೇಳಬೇಕು. ಗೊತ್ತು, ಅದಕ್ಕೂ ನಾನು ಯೋಗ್ಯನಲ್ಲ ಅಂದರೆ ಕೂಡಲೇ ಒಳಗೆ ಸೇರಿಸಿಕೊಳ್ಳಬೇಕು. ಆಮೇಲೆ ಕೆಲವು ಸುಲಭದ, ಕೆಲವು ಕಷ್ಟದ ಆಜ್ಞೆಗಳನ್ನು ಹೇಳಬೇಕು. ಮುಖ್ಯವಾಗಿ ಹೊಲದ ಆಜ್ಞೆಗಳು. ಬಿದ್ದ ತೆನೆಯನ್ನು ಹಕ್ಕಲಾಯುವ ಬಡವರಿಗೆ ಬಿಡಬೇಕು, ಮರೆತ ಸಿವುಡನ್ನು ಬಿಡಬೇಕು, ಹೊಲದ ಮೂಲೆಯನ್ನು ಬಿಡಬೇಕು. ಸ್ವರ್ಗದ ಬಾಗಿಲಲ್ಲಿ ನಿಂತವನಿಗೆ ಹೊಲದ ಮೂಲೆ ನೆನಪಿಸುತ್ತಾರೆ ನೋಡು! ಮೋವಾಬಿನ ರೂತಳು ಬೇತ್ಲೆಹೇಮಿನ ಹೊಲದಲ್ಲಿ ಹಕ್ಕಲಾಯ್ದದ್ದು ನಿನಗೆ ಗೊತ್ತಲ್ಲ. ಅವಳು ಅತ್ತೆಗೆ ಹೇಳಿದ್ದೂ ನಿನ್ನ ಜನವೇ ನನ್ನ ಜನ, ನಿನ್ನ ದೇವರೇ ನನ್ನ ದೇವರು ಅಂತ. ಜನ ಮೊದಲು, ದೇವರು ಆಮೇಲೆ.

ಆದರೂ ಸೇರಿದವರಿಗೆ ಒಂದು ಮುಳ್ಳು ಉಳಿಯುತ್ತಿತ್ತು. ಸುಮಾರು ಕ್ರಿ.ಶ. 200ರಲ್ಲಿ ಕೂಡಿಸಿದ ಮಿಷ್ನಾದಲ್ಲಿ, ಅಂದರೆ ರಬ್ಬಿಗಳ ನಿಯಮಗಳ ಸಂಗ್ರಹದಲ್ಲಿ, ಹೀಗಿದೆ. ಹೀಗೆ ಬಂದು ಸೇರಿದವನು ಸಭಾಮಂದಿರದಲ್ಲಿ ಪ್ರಾರ್ಥಿಸುವಾಗ 'ನಮ್ಮ ಪಿತೃಗಳ ದೇವರೇ' ಅನ್ನುವ ಹಾಗಿಲ್ಲ, 'ನಿಮ್ಮ ಪಿತೃಗಳ ದೇವರೇ' ಅನ್ನಬೇಕು. ಸುತ್ತ ನಿಂತವರೆಲ್ಲ 'ನಮ್ಮ' ಅನ್ನುವಾಗ ಒಬ್ಬನೇ 'ನಿಮ್ಮ' ಅನ್ನಬೇಕು. ಇದಕ್ಕೆ ಒಪ್ಪದ ರಬ್ಬಿಗಳೂ ಇದ್ದರು. ಸುಮಾರು ಸಾವಿರ ವರ್ಷ ಕಳೆದು, 12ನೇ ಶತಮಾನದಲ್ಲಿ, ಓಬದ್ಯ ಎಂಬ ಸೇರಿದವನೊಬ್ಬ ಇದೇ ಸಂಕಟವನ್ನು ದೊಡ್ಡ ಯೆಹೂದ್ಯ ಪಂಡಿತ ಮೈಮೋನಿಡಿಸ್ ಅವರಿಗೆ ಬರೆದು ಕೇಳಿದ. 'ನಮ್ಮ' ಅಂತಲೇ ಹೇಳು, ಬಂದವರಿಗೆಲ್ಲ ಅಬ್ರಹಾಮನೇ ತಂದೆ ಅಂತ ಉತ್ತರ ಬಂತು. ಒಂದು ಅಕ್ಷರದ ವ್ಯತ್ಯಾಸದೊಳಗೆ ಒಂದು ಇಡೀ ಬಾಳು ಇದೆ. ನಿನ್ನ ಹುಡುಗಿ ಮೊದಲ ಸಲ 'ನಮ್ಮ' ಅಂದದ್ದು ಯಾವಾಗ? ಆ ಜಾಗ ನಿನ್ನ ಬರಹದಲ್ಲಿ ನನಗೆ ಸಿಗಲಿಲ್ಲ.

ಕ್ರೈಸ್ತರಲ್ಲೂ ಕಾಲ ಕಳೆದಂತೆ ಸೇರುವುದು ನಿಧಾನವಾಯಿತು. ಅಪೊಸ್ತಲರ ಸಂಪ್ರದಾಯ ಅನ್ನುವ ಹಳೆಯ ಕೈಪಿಡಿಯ ಪ್ರಕಾರ ದೀಕ್ಷಾಸ್ನಾನಕ್ಕೆ ಮೊದಲು ಮೂರು ವರ್ಷ ಉಪದೇಶ ಕೇಳಬೇಕು. ಕಸುಬು ಏನು ಅಂತ ವಿಚಾರಿಸುತ್ತಾರೆ. ವಿಗ್ರಹ ಮಾಡುವವನು ಅದನ್ನು ಬಿಡಬೇಕು. ಮಕ್ಕಳಿಗೆ ಲೋಕದ ವಿದ್ಯೆ ಕಲಿಸುವ ಮೇಷ್ಟ್ರು ಬಿಟ್ಟರೆ ಒಳ್ಳೆಯದು, ಬೇರೆ ಕಸುಬು ಗೊತ್ತಿಲ್ಲದಿದ್ದರೆ ಮುಂದುವರಿಸಲಿ. ಇದು ನಿನ್ನ ಕೊರಿಂಥಕ್ಕಿಂತ ನೂರಕ್ಕೂ ಹೆಚ್ಚು ವರ್ಷ ಈಚಿನದು, ಹಾಗೇ ತಂದು ಹಾಕಬೇಡ. ಆದರೆ ಒಂದು ಪ್ರಶ್ನೆ ಅದರಿಂದ ತಗೋ. ಕುಂಬಾರನ ಮನೆಯಲ್ಲಿ ದೇವತೆಗಳ ಮಣ್ಣಿನ ಗೊಂಬೆಗಳನ್ನೂ ಮಾಡುತ್ತಿದ್ದರು ಅಂತ ನೀನೇ ಮೊದಲ ಅಧ್ಯಾಯದಲ್ಲಿ ಬರೆದಿದ್ದೀಯ. ಆಮೇಲೆ ಅದನ್ನು ಮರೆತೇಬಿಟ್ಟಿದ್ದೀಯ. ನೀರಿನಿಂದ ಎದ್ದ ಮಾರನೇ ದಿನ ಅಪ್ಪ ಅಚ್ಚು ಕೈಗೆ ಕೊಟ್ಟರೆ ಅವಳು ಏನು ಮಾಡುತ್ತಾಳೆ?

ಕೊನೆಯದಾಗಿ ಊಟ. ಇದನ್ನು ಬಿಟ್ಟು ಈ ಕಾಲದ ಬಗ್ಗೆ ಬರೆಯಲು ಆಗುವುದೇ ಇಲ್ಲ. ಅಂತಿಯೋಕ್ಯದಲ್ಲಿ ಪೇತ್ರ ಅನ್ಯಜನರ, ಅಂದರೆ ಯೆಹೂದ್ಯರಲ್ಲದವರ ಜೊತೆ ಕೂತು ಉಣ್ಣುತ್ತಿದ್ದ. ಯೆರೂಸಲೇಮಿನಿಂದ ಕೆಲವರು ಬಂದರು. ಅವರಿಗೆ ಹೆದರಿ ಪೇತ್ರ ಎದ್ದು ದೂರವಾದ. ಪೌಲ ಎಲ್ಲರ ಎದುರಿಗೇ ಅವನನ್ನು ಆಕ್ಷೇಪಿಸಿದ. ದೊಡ್ಡ ದೊಡ್ಡ ತತ್ವಗಳೆಲ್ಲ ಬಂದು ನಿಂತದ್ದು ಯಾರ ಜೊತೆ ಉಣ್ಣಬೇಕು ಅನ್ನುವಲ್ಲಿ. ನಿನ್ನ ಕೊರಿಂಥದವರಿಗೇ ಪೌಲ ಕ್ರಿ.ಶ. 55ರ ಸುಮಾರಿಗೆ ಬರೆದ ಪತ್ರ ಇದೆಯಲ್ಲ, ಅದರ 10ನೇ ಅಧ್ಯಾಯ ಮತ್ತೆ ಓದು. ಪೇಟೆಯಲ್ಲಿ ಮಾರುವ ಮಾಂಸವನ್ನು ಏನೂ ಕೇಳದೆ ತಿನ್ನಿ. ನಂಬದವರು ಊಟಕ್ಕೆ ಕರೆದರೆ ಬಡಿಸಿದ್ದನ್ನು ತಿನ್ನಿ. ಆದರೆ ಇದು ದೇವತೆಗೆ ಬಲಿ ಕೊಟ್ಟದ್ದು ಅಂತ ಯಾರಾದರೂ ಬಾಯಿಬಿಟ್ಟು ಹೇಳಿದರೆ ತಿನ್ನಬೇಡಿ.

ಈಗ ನಿನ್ನ ಹುಡುಗಿ ಒದ್ದೆ ಬಟ್ಟೆಯಲ್ಲಿ ಮನೆಗೆ ಬರಲಿ. ಅವತ್ತು ಮನೆಯಲ್ಲಿ ಹಬ್ಬ. ತಾಯಿ ಮಾತಾಡದೆ ತಟ್ಟೆ ಇಟ್ಟು ಮಾಂಸ ಬಡಿಸುತ್ತಾಳೆ. ಅದು ಎಲ್ಲಿಂದ ಬಂದದ್ದು ಅಂತ ಇಬ್ಬರಿಗೂ ಗೊತ್ತು. ತಾಯಿ ಒಂದು ಮಾತು ಆಡಿದರೆ ಮಗಳು ಏಳಬೇಕಾಗುತ್ತದೆ. ಆಡದಿದ್ದರೆ ಕೂತು ಉಣ್ಣಬಹುದು. ಆ ಮಾತು ಈಗ ತಾಯಿಯ ನಾಲಿಗೆಯ ತುದಿಯಲ್ಲಿದೆ. ಅವಳು ಆಡಿದಳಾ, ನುಂಗಿಕೊಂಡಳಾ? ಅದನ್ನು ಬರೆದು ಕಳಿಸು. ಆತುರ ಬೇಡ, ಮಳೆಗಾಲ ಮುಗಿಯುವುದರೊಳಗೆ ಕಳಿಸಿದರೆ ಸಾಕು.

ಪ್ರೀತಿಯಿಂದ,
ನಿನ್ನ ಅಕ್ಕ