ಆ ಸಾವಿರ ತಟ್ಟೆ ತೊಳೆದವರು ಯಾರು?

ಪ್ರೀತಿಯ ತಂಗೀ,

ನಿನ್ನ ಹಸ್ತಪ್ರತಿಯನ್ನು ಎರಡು ಸಲ ಓದಿದೆ. ಬೀಗವಿಲ್ಲದ, ಜಗಳವಿಲ್ಲದ ಆ ಊರು ಕಣ್ಣಿಗೆ ಕಟ್ಟುತ್ತದೆ. ಮೂರನೇ ಅಧ್ಯಾಯದಲ್ಲಿ ಸಾವಿರ ಜನ ಒಟ್ಟಿಗೆ ಊಟಕ್ಕೆ ಕೂರುತ್ತಾರೆ, ಎದ್ದು ಹಾಡುತ್ತಾ ಹೊರಟುಬಿಡುತ್ತಾರೆ. ನಾನು ಮಾತ್ರ ಅಲ್ಲೇ ಉಳಿದೆ. ಆ ಸಾವಿರ ತಟ್ಟೆ ತೊಳೆದವರು ಯಾರು?

ಕೊಂಕು ತೆಗೆಯುತ್ತಿಲ್ಲ. 1516ರಲ್ಲಿ ‘ಯುಟೋಪಿಯಾ’ (ಆ ಹೆಸರಿನ ಅರ್ಥವೇ ‘ಎಲ್ಲೂ ಇಲ್ಲದ ಜಾಗ’) ಎಂಬ ಆದರ್ಶ ನಾಡಿನ ಕಥೆ ಬರೆದ ಇಂಗ್ಲೆಂಡಿನ ಥಾಮಸ್ ಮೋರ್ ಅಲ್ಲಿನ ಜನಕ್ಕೆ ದಿನಕ್ಕೆ ಆರೇ ಗಂಟೆ ದುಡಿಮೆ ಇಟ್ಟ. ಚಿನ್ನದ ಮೋಹ ಬಿಡಲಿ ಅಂತ ಅದರಲ್ಲಿ ಉಚ್ಚೆಯ ಪಾತ್ರೆ ಮಾಡಿಸಿದ. ಎಷ್ಟು ಸಲ ಓದಿದರೂ ನಗು ಬರುತ್ತದೆ. ಆದರೆ ಅದೇ ಚಿನ್ನದಲ್ಲಿ ಗುಲಾಮರಿಗೆ ಸಂಕೋಲೆಯನ್ನೂ ಮಾಡಿಸಿದ್ದಾನೆ. ಊಟದ ಮನೆಯ ಕೊಳಕು ಕೆಲಸ ಅವರದು, ಅಡುಗೆ ಹೆಂಗಸರದು. ಇಂಥದೇ ಊರಿನ ಕನಸು ಕಂಡ ಫ್ರಾನ್ಸಿನ ಶಾರ್ಲ್ ಫೂರಿಯೇ ಇನ್ನೂ ಜಾಣ. ಮಕ್ಕಳಿಗೆ ಹೇಗೂ ಕೆಸರೆಂದರೆ ಇಷ್ಟ, ಊರಿನ ಕಸ ಅವರೇ ಎತ್ತಲಿ ಎಂದುಬಿಟ್ಟ!

ಇವೆಲ್ಲ ಕಾಗದದ ಊರುಗಳಾದವು. 1843ರಲ್ಲಿ ಅಮೆರಿಕದ ಮ್ಯಾಸಚೂಸೆಟ್ಸ್‌ನಲ್ಲಿ ಬ್ರಾನ್ಸನ್ ಆಲ್ಕಾಟ್ ಮತ್ತು ಗೆಳೆಯರು ‘ಫ್ರೂಟ್‌ಲ್ಯಾಂಡ್ಸ್’ ಅಂತ ನಿಜವಾಗಿಯೇ ಕಟ್ಟಿ ನೋಡಿದರು. ಮಾಂಸ ಬೇಡ, ಹಾಲು ಬೇಡ. ಗಂಡಸರು ತತ್ವ ಮಾತಾಡುತ್ತಿದ್ದರೆ ಗೇಯ್ಮೆಯ ಹೊರೆ ಹೆಚ್ಚಾಗಿ ಬಿದ್ದದ್ದು ಆಲ್ಕಾಟನ ಹೆಂಡತಿ ಅಬಿಗೇಲ್ ಮೇಲೆ. ಏಳು ತಿಂಗಳಿಗೆ ಎಲ್ಲ ಮುಗಿಯಿತು.

ಹಾಗಂತ ಇಂಥದ್ದನ್ನು ಬರೆಯಲೇಬೇಡ ಅನ್ನುತ್ತಿಲ್ಲ. ಸಂತ ರವಿದಾಸರು ತಮ್ಮ ಪದದಲ್ಲಿ ಹಾಡಿದ ಬೇಗಂಪುರ ಎಂಬ ಊರನ್ನು ನೋಡು. ಅಲ್ಲಿ ದುಃಖವಿಲ್ಲ, ತೆರಿಗೆಯ ಭಯವಿಲ್ಲ, ಎರಡನೇ ದರ್ಜೆಯವರು ಮೂರನೇ ದರ್ಜೆಯವರು ಅಂತಿಲ್ಲ, ಮನಸ್ಸು ಬಂದಲ್ಲಿ ಓಡಾಡಬಹುದು. ಹೇಳಿದವರು ಚರ್ಮದ ಕೆಲಸ ಮಾಡುತ್ತಿದ್ದ ಮನುಷ್ಯ. ಒಂದೊಂದು ‘ಇಲ್ಲ’ದ ಹಿಂದೆಯೂ ಮುಖಕ್ಕೆ ಮುಚ್ಚಿದ ಬಾಗಿಲೊಂದು ಇದ್ದಿರಬೇಕು. ಅದು ಊರಿಲ್ಲದೆ ನೊಂದವರು ಕಂಡ ಊರು. ನಿನ್ನದರಲ್ಲಿ ನೀನು ಇನ್ನೂ ಊರು ತೋರಿಸಲು ಬಂದ ಗೈಡು.

ನಾನೂ ನಿನ್ನ ವಯಸ್ಸಿನಲ್ಲಿ ಇಂಥದೊಂದನ್ನು ಬರೆದಿದ್ದೆ. ಗೆಳೆಯನೊಬ್ಬ ಓದಿ, “ಇಲ್ಲಿ ಯಾರಿಗೂ ಹೊಟ್ಟೆನೋವೇ ಬರಲ್ವೇನೋ?” ಅಂದ. ವಾರಗಟ್ಟಲೆ ಅವನ ಜೊತೆ ಮಾತು ಬಿಟ್ಟಿದ್ದೆ. ಆ ಹಸ್ತಪ್ರತಿ ಎಲ್ಲಿ ಹೋಯಿತೋ, ಒಳ್ಳೆಯದೇ ಆಯಿತು.

ಮೂರನೇ ಅಧ್ಯಾಯ ಮತ್ತೆ ಬರೆ. ಎಲ್ಲರೂ ಎದ್ದುಹೋದ ಮೇಲಿಂದ ಶುರುಮಾಡು. ಅನ್ನ ಒಣಗಿ ಅಂಟಿಕೊಂಡ ತಟ್ಟೆಗಳು, ನೀರಲ್ಲಿ ನೆನೆದು ಸುಕ್ಕಾದ ಬೆರಳು, ಹೊರಗಿನ ಹಾಡಿಗೆ ಕಿವಿಗೊಟ್ಟ ಒಬ್ಬಳು. ಆ ಹಾಡನ್ನು ಅವಳಿಗೆ ಯಾರಾದರೂ ಕಲಿಸಿದ್ದಾರೋ ಇಲ್ಲವೋ ನೀನೇ ತೀರ್ಮಾನಿಸು. ಬರೆದು ಕಳಿಸು, ಓದುತ್ತೇನೆ.

ಇಂತಿ,
ನಿನ್ನ ಅಣ್ಣ