ವೈಜ್ಞಾನಿಕ ಕಾದಂಬರಿ ಬರೆಯುತ್ತಿರುವ ತಮ್ಮನಿಗೆ

ಪ್ರೀತಿಯ ತಮ್ಮ,

ನೀನು ಕಳಿಸಿದ ಮೂರು ಅಧ್ಯಾಯ ಓದಿದೆ. ಬೇರೆ ಗ್ರಹದಲ್ಲಿ ಸಿಕ್ಕಿಹಾಕಿಕೊಂಡ ಎಂಜಿನಿಯರ್, ಅಲ್ಲಿನ ಒಂದು ಜೀವಿಯ ಜೊತೆ ಅವನಿಗೆ ಬೆಳೆಯುವ ಸ್ನೇಹ. ವಸ್ತು ನನಗೆ ತುಂಬಾ ಹಿಡಿಸಿತು. ಆದರೆ ಅವನ ಕಾಲು ಆ ಗ್ರಹದ ನೆಲಕ್ಕೆ ತಾಗುವಷ್ಟರಲ್ಲಿ ಎರಡು ಅಧ್ಯಾಯ ಮುಗಿದೇ ಹೋಗಿವೆ. ಅಲ್ಲಿನ ಇತಿಹಾಸ, ರಾಜಕೀಯ, ಆಕಾಶದಲ್ಲಿ ಎಷ್ಟು ಚಂದ್ರ, ಎಲ್ಲವನ್ನೂ ಮೊದಲೇ ಹೇಳಿಬಿಟ್ಟಿದ್ದೀಯ. ಮೂರನೆಯ ಅಧ್ಯಾಯದಲ್ಲಿ ಆ ಜೀವಿ ಬಂದ ತಕ್ಷಣ ಎಂಜಿನಿಯರ್ ಕಿವಿಗೆ ಒಂದು ಅನುವಾದ ಯಂತ್ರ ಹಾಕಿಕೊಳ್ಳುತ್ತಾನೆ, ಇಬ್ಬರೂ ಹಳೇ ಪರಿಚಯದವರ ಹಾಗೆ ಹರಟೆಗೆ ಕೂರುತ್ತಾರೆ. ಅಲ್ಲಿ ನನ್ನ ಕುತೂಹಲ ನಿಂತುಹೋಯಿತು.

ಓದಬೇಕಾದ ಪುಸ್ತಕಗಳ ಪಟ್ಟಿ ಕೊಡುತ್ತೇನೆ ಅಂದುಕೊಂಡಿರಬಹುದು. ಅದರ ಬದಲು ಒಂದು ವಿಡಿಯೋ ಗೇಮ್ ಬಗ್ಗೆ ಹೇಳುತ್ತೇನೆ. ಹೆಸರು 'ಅನದರ್ ವರ್ಲ್ಡ್'. ಫ್ರಾನ್ಸಿನ ಡೆಲ್ಫೀನ್ ಸಾಫ್ಟ್‌ವೇರ್ 1991ರಲ್ಲಿ ಹೊರತಂದದ್ದು. ಓಡುವುದು, ನೆಗೆಯುವುದು, ಗುಂಡು ಹಾರಿಸುವುದು, ಮೇಲ್ನೋಟಕ್ಕೆ ಇಷ್ಟೇ. ಆದರೆ ನೀನು ಬರೆಯಲು ಹೊರಟಿರುವ ಕಥೆ ಅದರಲ್ಲಿ ಸುಮಾರು ಮಟ್ಟಿಗೆ ಇದೆ. ಹಾಗಾಗಿ ನೀನು ಅದನ್ನು ನೋಡಲೇಬೇಕು.

ಶುರುವಾಗುವುದು ಹೀಗೆ. ಗುಡುಗು ಮಿಂಚಿನ ರಾತ್ರಿ. ಲೆಸ್ಟರ್ ಎಂಬ ಯುವ ಭೌತವಿಜ್ಞಾನಿ ಫೆರಾರಿ ಕಾರಿನಲ್ಲಿ ಬರುತ್ತಾನೆ. ಲಿಫ್ಟ್ ಹತ್ತಿ ನೆಲದಡಿಯ ಪ್ರಯೋಗಶಾಲೆಗೆ ಇಳಿಯುತ್ತಾನೆ. ಕಂಪ್ಯೂಟರ್ ಮುಂದೆ ಕೂತು ಕಣ ವೇಗವರ್ಧಕದ ಪ್ರಯೋಗ ಶುರು ಮಾಡುತ್ತಾನೆ, ಒಂದು ಕ್ಯಾನ್ ತಂಪು ಪಾನೀಯ ತೆರೆಯುತ್ತಾನೆ. ಅಷ್ಟರಲ್ಲಿ ಸಿಡಿಲು ಬಡಿಯುತ್ತದೆ. ಲೆಸ್ಟರ್ ಅಲ್ಲಿಂದ ಮಾಯ. ಮರುಕ್ಷಣ ಅವನು ಎಲ್ಲೋ ಒಂದು ಕೊಳದ ನೀರಿನೊಳಗಿದ್ದಾನೆ. ಇಲ್ಲಿಯವರೆಗೆ ನೀನು ಸಿನಿಮಾ ನೋಡುವ ಹಾಗೆ ಸುಮ್ನೆ ಕೂತಿರುತ್ತೀಯ. ಇನ್ನೂ ಹಾಗೇ ಕೂತರೆ ಕೆಳಗಿನಿಂದ ಬಳ್ಳಿಯಂಥ ಕೈಗಳು ಬಂದು ಅವನನ್ನು ಎಳೆದುಕೊಳ್ಳುತ್ತವೆ, ಆಟ ಮುಗಿಯಿತು. ಈಜಿ ಮೇಲೆ ಬರಬೇಕಾದವನು ನೀನೇ. ಆಟ ಶುರುವಾಗಿದೆ ಎಂದು ಯಾರೂ ಹೇಳಲ್ಲ. ತೆರೆಯ ಮೇಲೆ ಅಂಕ ಇಲ್ಲ, ಎಷ್ಟು ಪ್ರಾಣ ಉಳಿದಿದೆ ಎಂದು ತೋರಿಸುವ ಪಟ್ಟಿಯೂ ಇಲ್ಲ.

ನೀರಿನಿಂದ ಹೊರಬಂದಾಗ ದೂರದ ಬಂಡೆಯ ಮೇಲೆ ಒಂದು ಕಪ್ಪು ಮೃಗ ನಿಂತಿರುತ್ತದೆ. ನೋಡುತ್ತದೆ, ಹೋಗುತ್ತದೆ. ಅದು ಏನು ಎಂದು ಒಂದು ಮಾತಿಲ್ಲ. ಸ್ವಲ್ಪ ಮುಂದೆ ಹೋದ ಮೇಲೆ ಅದೇ ಎದುರಿಗೆ ಬರುತ್ತದೆ. ಬಂದ ದಾರಿಯಲ್ಲೇ ವಾಪಸ್ ಓಡಬೇಕು. ನಿನ್ನ ಎರಡು ಅಧ್ಯಾಯದ ಮಾಹಿತಿ ಕೊಡದ ಭಯವನ್ನು ಆ ಒಂದು ನೋಟ ಕೊಡುತ್ತದೆ. ಗ್ರಹ ಎಂಥದ್ದು ಎಂದು ಹೇಳುವ ಮೊದಲು ಅಲ್ಲಿ ಬದುಕುವುದು ಹೇಗೆ ಎನ್ನುವ ಪ್ರಶ್ನೆ ಓದುಗನ ಮೈಗೆ ತಾಗಬೇಕು. ಇತಿಹಾಸ ಕೇಳುವಷ್ಟು ಪುರುಸೊತ್ತು ಅವನಿಗೆ ಆಮೇಲೆ ಸಿಗುತ್ತದೆ.

ಈಗ ಸ್ನೇಹದ ವಿಷಯ. ಆ ಗ್ರಹದವರು ಲೆಸ್ಟರ್‌ನನ್ನು ಹೊಡೆದು ಬೀಳಿಸಿ ಸೆರೆ ಹಾಕುತ್ತಾರೆ. ಎಚ್ಚರವಾದಾಗ ಅವನು ನೇತಾಡುವ ಪಂಜರದಲ್ಲಿದ್ದಾನೆ, ಪಕ್ಕದಲ್ಲಿ ಅಲ್ಲಿಯವನೇ ಆದ ಇನ್ನೊಬ್ಬ ಕೈದಿ. ನೀನು ಪಂಜರವನ್ನು ಅತ್ತ ಇತ್ತ ತೂಗಬೇಕು. ತೂಗಿ ತೂಗಿ ಅದು ಕೆಳಗಿನ ಕಾವಲುಗಾರನ ಮೇಲೆ ಬೀಳುತ್ತದೆ. ಹೊರಬಂದ ಆ ಕೈದಿ ಲೆಸ್ಟರ್ ಹೆಗಲ ಮೇಲೆ ಕೈಯಿಟ್ಟು ಏನೋ ಹೇಳುತ್ತಾನೆ. ಏನು ಹೇಳಿದ ಅಂತ ಲೆಸ್ಟರ್‌ಗೂ ಗೊತ್ತಾಗಲ್ಲ, ನಮಗೂ ಗೊತ್ತಾಗಲ್ಲ. ಆಟದ ಕೊನೆಯವರೆಗೂ ಗೊತ್ತಾಗಲ್ಲ.

ಸ್ನೇಹ ಬೆಳೆಯುವುದು ಕೆಲಸದಲ್ಲಿ. ಒಂದು ಕಡೆ ಬಾಗಿಲು ಮುಚ್ಚಿದೆ, ಅದನ್ನು ತೆರೆಯುವುದು ಆ ಗೆಳೆಯನಿಗೆ ಮಾತ್ರ ಗೊತ್ತು. ಅವನು ಬಾಗಿಲ ಹತ್ತಿರ ನಿಂತು ಗುಂಡಿಗಳ ಜೊತೆ ಹೆಣಗುತ್ತಿದ್ದಾನೆ. ಹಿಂದಿನಿಂದ ಕಾವಲುಗಾರರು ಬರುತ್ತಿದ್ದಾರೆ. ಲೆಸ್ಟರ್ ಕೈಯಲ್ಲಿರುವ ಬಂದೂಕು ಗುಂಡನ್ನೂ ಹಾರಿಸುತ್ತದೆ, ಗುಂಡಿ ಒತ್ತಿ ಹಿಡಿದರೆ ಬೆಳಕಿನ ಗುರಾಣಿಯನ್ನೂ ಕಟ್ಟುತ್ತದೆ. ಬಾಗಿಲು ತೆರೆಯುವವರೆಗೆ ನೀನು ಗುರಾಣಿಯ ಮೇಲೆ ಗುರಾಣಿ ಕಟ್ಟಿ ತಡೆಯಬೇಕು. ಅವನು ನಿನ್ನನ್ನು ನಂಬಿ ಬೆನ್ನು ಹಾಕಿ ನಿಂತಿದ್ದಾನೆ, ನೀನು ಅವನ ಬೆರಳುಗಳನ್ನು ನಂಬಿದ್ದೀಯ. ನನ್ನ ಪ್ರಕಾರ ಇಡೀ ಆಟದಲ್ಲಿ ಇದಕ್ಕಿಂತ ಒಳ್ಳೆಯ ದೃಶ್ಯ ಇಲ್ಲ. ಅಲ್ಲಿ ಅನುವಾದ ಯಂತ್ರ ಇದ್ದಿದ್ದರೆ ಇಬ್ಬರೂ 'ಬೇಗ ಬೇಗ' ಎಂದು ಕೂಗಿಕೊಂಡು ಎಲ್ಲ ಕೆಡಿಸುತ್ತಿದ್ದರು. ನಿನ್ನ ಯಂತ್ರವನ್ನು ದಯವಿಟ್ಟು ತೆಗೆದುಹಾಕು.

ಇದನ್ನು ಮಾಡಿದವರು ಎರಿಕ್ ಶಾಹಿ. ಹೆಚ್ಚುಕಡಿಮೆ ಒಬ್ಬರೇ, ಸುಮಾರು ಎರಡು ವರ್ಷ ಕೂತು ಮಾಡಿದರು. ಸಂಗೀತ ಮಾತ್ರ ಜಾನ್-ಫ್ರಾನ್ಸ್ವಾ ಫ್ರೇಟಾಸ್ ಅವರದು. ಪೆಟ್ಟಿಗೆಯ ಮೇಲಿನ ಚಿತ್ರವನ್ನೂ ಶಾಹಿಯೇ ಬರೆದರು. ಆಗಿನ ಅಮಿಗಾ ಕಂಪ್ಯೂಟರಿನ ಒಂದು ಫ್ಲಾಪಿಯಲ್ಲಿ ಹಿಡಿಯುತ್ತಿದ್ದದ್ದು 880 ಕೆಬಿ. ಇವತ್ತು ಫೋನಿನಲ್ಲಿ ತೆಗೆದ ಒಂದು ಫೋಟೋ ಅದಕ್ಕಿಂತ ದೊಡ್ಡದಿರುತ್ತದೆ. ಅದರಲ್ಲಿ ಸಿನಿಮಾದಂಥ ಚಲನೆ ತುಂಬುವುದು ಹೇಗೆ? 'ಡ್ರಾಗನ್ಸ್ ಲೇರ್' ಎಂಬ ಕಾರ್ಟೂನ್ ಆಟ ಅಮಿಗಾಕ್ಕೆ ಬಂದಿದ್ದನ್ನು ನೋಡಿದಾಗ ಅವರಿಗೆ ಒಂದು ಉಪಾಯ ಹೊಳೆಯಿತು. ಪ್ರತಿ ಚಿತ್ರವನ್ನೂ ಪೂರ್ತಿ ಉಳಿಸಿಡುವುದು ಬೇಡ, ಚಪ್ಪಟೆ ಬಹುಭುಜಗಳ ಮೂಲೆಗಳನ್ನು ಮಾತ್ರ ನೆನಪಿಟ್ಟುಕೊಂಡರೆ ಸಾಕು, ಬಣ್ಣ ತುಂಬುವ ಕೆಲಸ ಯಂತ್ರ ಮಾಡಲಿ. ತೆರೆಯ ಮೇಲೆ ಒಮ್ಮೆಗೆ 16 ಬಣ್ಣ. ಜೀವಂತ ಚಲನೆ ಬೇಕು ಎಂದು ಕ್ಯಾಮೆರಾದಲ್ಲಿ ತಮ್ಮನ್ನೇ ಚಿತ್ರೀಕರಿಸಿಕೊಂಡು ಅದರ ಮೇಲೆ ಗೆರೆ ಎಳೆದರು.

ಹಾಗಾಗಿ ಲೆಸ್ಟರ್‌ಗೆ ಕಣ್ಣು ಮೂಗು ಸರಿಯಾಗಿ ಕಾಣಲ್ಲ. ಆದರೆ ಅವನ ನಡಿಗೆಯಲ್ಲಿ ಭಾರ ಇದೆ, ಬಿದ್ದಾಗ ನಮಗೆ ನೋವಾಗುತ್ತದೆ. ನಿನ್ನ ಎಂಜಿನಿಯರ್‌ನ ಮುಖವನ್ನು ಅರ್ಧ ಪುಟ ವರ್ಣಿಸಿದ್ದೀಯಲ್ಲ, ಅವನು ಹೇಗೆ ನಡೆಯುತ್ತಾನೆ ಎಂದು ಎಲ್ಲೂ ಇಲ್ಲ.

ಇನ್ನೊಂದು ಸಂಗತಿ ನಿನಗೆ ಇಷ್ಟವಾಗಬಹುದು. ಶಾಹಿ ಕಥೆಯನ್ನು ಪೂರ್ತಿ ಬರೆದಿಟ್ಟುಕೊಂಡು ಕೂತವರಲ್ಲ. ಮೊದಲು ಆರಂಭದ ದೃಶ್ಯ ಮಾಡಿದರು, ಆಮೇಲೆ ಒಂದಾದ ಮೇಲೆ ಒಂದು ಮಾಡುತ್ತಾ ಹೋದರು. ಮುಂದೇನು ಎಂದು ಲೆಸ್ಟರ್‌ಗೆ ಗೊತ್ತಿಲ್ಲದ ಹಾಗೆ ಮಾಡುತ್ತಿದ್ದವರಿಗೂ ಗೊತ್ತಿರಲಿಲ್ಲ. ನೀನು ಗೋಡೆಗೆ ಅಂಟಿಸಿಕೊಂಡಿರುವ ಆ ದೊಡ್ಡ ನಕ್ಷೆಯನ್ನು ಸ್ವಲ್ಪ ದಿನ ಮಡಿಸಿಡಬಹುದು ಅನ್ನುವುದಕ್ಕೆ ಇದನ್ನು ಹೇಳಿದೆ. ಆದರೆ ಇದರಲ್ಲಿ ಅಪಾಯವೂ ಇದೆ. ಆಟದಲ್ಲಿ ಕೆಲವು ಕಡೆ ಸತ್ತು ಸತ್ತೇ ದಾರಿ ಕಲಿಯಬೇಕು, ಮೊದಲೇ ಊಹಿಸಲು ಸಾಧ್ಯವೇ ಇಲ್ಲ. ಅದು ನನಗೆ ಸರಿ ಅನಿಸಲಿಲ್ಲ. ಕಾದಂಬರಿಯಲ್ಲಂತೂ ಓದುಗ ಅಂಥ ಮೋಸವನ್ನು ಸಹಿಸಲ್ಲ.

ಅಮೆರಿಕದ ಇಂಟರ್‌ಪ್ಲೇ ಕಂಪನಿ ಇದನ್ನು ಬೇರೆ ಯಂತ್ರಗಳಿಗೆ ತರುವಾಗ 'ಆಟ ತೀರಾ ಚಿಕ್ಕದು, ಉದ್ದ ಮಾಡಿ' ಎಂದಿತು. ಶಾಹಿ ಒಪ್ಪಿದರು. ಲೆಸ್ಟರ್ ಮತ್ತು ಗೆಳೆಯನ ನಂಟು ಗಟ್ಟಿಯಾಗುವಂಥ ಭಾಗವನ್ನೇ ಸೇರಿಸಿದರು. ಆದರೆ ಆರಂಭದ ಸಂಗೀತ ಬದಲಿಸುತ್ತೇವೆ ಎಂದಾಗ ಒಪ್ಪಲಿಲ್ಲ. ಮೂಲ ಸಂಗೀತವನ್ನೇ ಉಳಿಸಿ ಎಂಬ ಒಂದೇ ಮಾತು ಮುಗಿಯದೆ ಬರುತ್ತಲೇ ಇರುವ ಹಾಗೆ ಫ್ಯಾಕ್ಸ್ ಕಳಿಸಿದರು. ಸಂಗೀತ ಉಳಿಯಿತು. ನಾಳೆ ಸಂಪಾದಕರು ನಿನ್ನ ಪುಸ್ತಕ ಹಿಗ್ಗಿಸು, ಕುಗ್ಗಿಸು ಅನ್ನುತ್ತಾರೆ. ಯಾವುದಕ್ಕೆ ಹೂಂ, ಯಾವುದಕ್ಕೆ ಊಹೂಂ ಎಂದು ಈಗಲೇ ತಿಳಿದಿರಲಿ. ನಿನ್ನ ಕಥೆಯಲ್ಲಿ ಬಿಟ್ಟುಕೊಡಬಾರದ್ದು ಆ ಇಬ್ಬರ ನಂಟು. ಚಂದ್ರರು ಎಷ್ಟಿದ್ದರೂ ನಡೆಯುತ್ತದೆ.

ವಿಡಿಯೋ ಗೇಮ್ ಮಾಡುವ ಜಪಾನಿನ ಫುಮಿತೊ ಉಯೆಡಾ ಈ ಆಟದ ಪ್ರಭಾವವನ್ನು ಹೇಳಿಕೊಂಡಿದ್ದಾರೆ. ಅವರ 'ಇಕೊ' ಎಂಬ ಆಟ 2001ರಲ್ಲಿ ಬಂತು. ಅದರಲ್ಲೂ ಒಬ್ಬರ ಮಾತು ಇನ್ನೊಬ್ಬರಿಗೆ ತಿಳಿಯದ ಇಬ್ಬರು, ಕೈ ಕೈ ಹಿಡಿದು ಓಡುತ್ತಾರೆ. ಬಿಡುವಾದರೆ ಅದನ್ನೂ ನೋಡು.

'ಅನದರ್ ವರ್ಲ್ಡ್' ಕೊನೆಯ ಭಾಗವನ್ನು ವಿಡಿಯೋದಲ್ಲಿ ನೋಡಬೇಡ, ನೀನೇ ಆಡು. ಅಲ್ಲಿ ಲೆಸ್ಟರ್ ಏಳಲಾಗದಷ್ಟು ಪೆಟ್ಟು ತಿಂದು ನೆಲದ ಮೇಲೆ ತೆವಳುತ್ತಾನೆ. ಆ ತೆವಳುವುದನ್ನೂ ನಿನ್ನ ಬೆರಳೇ ನಡೆಸಬೇಕು. ಅವನು ಮನೆಗೆ ಮರಳಿದನಾ ಎಂದು ಆಟ ಹೇಳಲ್ಲ, ನನಗೆ ಅದು ಕೊರತೆ ಅನಿಸಲೂ ಇಲ್ಲ. ನಿನ್ನ ಕೊನೆಯ ಅಧ್ಯಾಯದಲ್ಲಿ ಭೂಮಿಯಿಂದ ರಕ್ಷಣಾ ನೌಕೆ ಬರುತ್ತದೆ ಎಂದು ಬರೆದಿದ್ದೆಯಲ್ಲ, ಆಡಿದ ಮೇಲೆ ಆ ನೌಕೆ ಬೇಕಾ ಎಂದು ಯೋಚಿಸು.

2006ರಲ್ಲಿ ಶಾಹಿಯೇ ಚಿತ್ರಗಳನ್ನು ತಿದ್ದಿ ವಿಂಡೋಸ್‌ಗೆ ಹೊಸ ಆವೃತ್ತಿ ಮಾಡಿದರು. ದಾರಿ ಗೊತ್ತಿದ್ದರೆ ಒಂದು ಗಂಟೆಯೂ ಬೇಡ. ನಿನಗೆ ಎರಡು ಮೂರು ಸಂಜೆ ಬೇಕಾಗಬಹುದು. ಆಮೇಲೆ ಮೂರನೆಯ ಅಧ್ಯಾಯವನ್ನು ಯಂತ್ರ ಇಲ್ಲದೆ ಬರೆದು ಕಳಿಸು. ಮೊದಲ ಎರಡನ್ನು ಸದ್ಯಕ್ಕೆ ಮುಟ್ಟಬೇಡ, ಅವುಗಳಲ್ಲಿ ಎಷ್ಟು ಬೇಕು ಎಂದು ಆಮೇಲೆ ಇಬ್ಬರೂ ಕೂತು ನೋಡೋಣ.

ಪ್ರೀತಿಯಿಂದ,
ನಿನ್ನ ಅಣ್ಣ